ಕೌದಿಯೊಳಗಿನ ಲಂಗ

ಬೆಳವಣಕಿಯ ಅಜ್ಜಪ್ಪನ ಮನೆಯಲ್ಲಿ ಬೇಸಿಗೆ ಬಂತೆಂದರೆ ಪಡಸಾಲೆ ತುಂಬ ಕೌದಿ ಹರಡುತ್ತಿತ್ತು. ಹಳೆಯ ಸೀರೆ, ಹರಿದ ಧೋತರ ಎಲ್ಲವೂ ತುಂಡಾಗಿ, ಒಂದರ ಮೇಲೊಂದು ಕೂತು ಹೊದಿಕೆಯಾಗುತ್ತಿದ್ದವು. ಈ ಸಲ ಅಜ್ಜಪ್ಪನ ತಾಯಿ ಮುದುಕವ್ವ ಕತ್ತರಿ ಹಾಕಿದ್ದು ಮೊಮ್ಮಗಳು ಬಾಳವ್ವನ ಸಾಲಿ ಲಂಗಕ್ಕೆ. ನೀಲಿ ಬಣ್ಣ ಇನ್ನೂ ಮಾಸದ ಲಂಗ!

ಸೊಸೆ ಚನ್ನವ್ವ ಸೂಜಿ ಹಿಡಿದು ನೋಡುತ್ತಿದ್ದಳು. ಮಗಳು ಮೈನೆರೆದು ಹದಿನೈದು ದಿನ. ಮೈನೆರೆದವಳು ಸೀರೆ ಉಡಬೇಕು, ಹೊಸ್ತಿಲ ಒಳಗಿರಬೇಕು, ವರ್ಷದೊಳಗೆ ಗಂಡನ ಮನೆ ಸೇರಬೇಕು. ಅದು ಆ ಮನೆಯ ಪದ್ಧತಿ.

"ಆಯೀ, ಸೋಮವಾರ ರೋಣದಾಗ ಏಳನೇತ್ತೇದ ಮುಲ್ಕಿ ಪರೀಕ್ಷಾ ಐತಿ," ಎಂದಳು ಬಾಳವ್ವ ಅಜ್ಜಿಗೆ.

"ಸೋಮವಾರನ ಲಕ್ಕಲಕಟ್ಟಿ ಮಂದಿ ನಿನ್ನ ನೋಡಾಕ ಬರ್ತಾರ. ಪರೀಕ್ಷಾ ಕೊಟ್ಟು ಮಾಮಲೇದಾರ ಆಗಾಕೀ ಏನ?" ಎಂದಳು ಮುದುಕವ್ವ.

ಸಂಜೆ ಸಾಲಿಯ ಶಿಕ್ಷಕಿ ಸರಸ್ವತಿಬಾಯಿ ಬಂದರು. ಬಡವರ ಮಕ್ಕಳೂ ಉಳ್ಳವರ ಮಕ್ಕಳೂ ಒಂದೇ ಥರ ಕಾಣಲೆಂದು ನೀಲಿ ಲಂಗದ ಕಾಯದೆ ತಂದವರು ಅವರೇ.

"ಹುಡುಗಿ ಭಾಳ ಶಾಣ್ಯಾ ಇದ್ದಾಳ್ರಿ. ಪರೀಕ್ಷಾಕ್ಕರೆ ಕಳಸ್ರಿ."

ಮುದುಕವ್ವ ನಕ್ಕಳು. "ಯಾವ ಲಂಗಾ ಹಾಕ್ಕೊಂಡ ಹೋಗಬೇಕ್ರಿ ಬಾಯಾರ? ಹ್ವಾದ ವರ್ಷ ರಸೂಲಬಿ ಮಗಳು ಸೀರಿ ಉಟಗೊಂಡ ಬಂದಳಂತ ಹೊರಗ ಹಾಕಿದಾಕಿ ನೀವ ಅಲ್ಲೇನು? ಅಳಕೋತ ಬಂತು ಪಾಪ, ನಮ್ಮ ಬಾಗಲಾ ಹಾದ."

ಸರಸ್ವತಿಬಾಯಿಯ ಮುಖ ಸಣ್ಣದಾಯಿತು. ಎಲ್ಲರೂ ಸಮನಾಗಿರಲೆಂದು ಹಾಕಿದ ಬೇಲಿ, ಒಳಗೆ ಬರಲೇಬೇಕಾದ ಹುಡುಗಿಯರನ್ನೇ ತಡೆದಿತ್ತು.

"ಅದು ನನ್ನ ತಪ್ಪು. ಆ ಕಾಯದೆ ಇವತ್ತಿಗೆ ಮುಗೀತು. ಸೀರೀ ಮ್ಯಾಲೇ ಬರಲಿ. ರಸೂಲಬಿ ಮನಿಗೂ ಈಗ ಹೊಂಟೀನಿ."

"ಬ್ಯಾಡ್ರಿ," ಎಂದ ಅಜ್ಜಪ್ಪ. "ಮಂದಿ ನಗತಾರ."

ಮಾತು ಅಲ್ಲಿಗೆ ಮುಗಿಯಿತು.

ಸೋಮವಾರ ನಸುಕಿಗೇ ಮುದುಕವ್ವ ಹಳೆಯ ಕೌದಿಯೊಂದನ್ನು ಸೊಸೆಯ ಮುಂದೆ ಎಸೆದಳು. "ಇದರ ಅಂಚ ಬಿಚ್ಚ ಚನ್ನವ್ವಾ. ಇದರ ಮ್ಯಾಲೆ ಆ ನೀಲಿ ಅರಿವಿ ಹಚ್ಚು."

ಹೊಲಿಗೆ ಬಿಚ್ಚಿದಂತೆ ಒಳಪದರಿನಲ್ಲಿ ಕೆಂಪು ಚುಕ್ಕಿಯ ತುಂಡೊಂದು ಇಣುಕಿತು. ಚನ್ನವ್ವನ ಬೆರಳು ನಿಂತಿತು. ಹತ್ತು ವರ್ಷದವಳಿದ್ದಾಗ ಇದೇ ಲಂಗ ತೊಟ್ಟು ಅವಳು ಈ ಮನೆಗೆ ಸೊಸೆಯಾಗಿ ಬಂದಿದ್ದಳು.

"ಅತ್ತೀ, ಇದು ನನ್ನ ಲಂಗಾ. ಮೂರನೇತ್ತೆ ಕಲೀತಿದ್ದೆ."

"ಇದ್ದೀತು. ಅದಕ್ಕೇನೀಗ?"

"ಇದರ ಮ್ಯಾಲೆ ಇಕೀದ ನಾ ಹಚ್ಚಂಗಿಲ್ಲ."

ಸೂಜಿಯನ್ನು ದಾರದುಂಡೆಗೆ ಚುಚ್ಚಿಟ್ಟು ಎದ್ದಳು. ಮಗಳ ಸೀರೆಯ ನಿರಿಗೆ ತಾನೇ ಹಿಡಿದು ಕಟ್ಟಿದಳು, ರೊಟ್ಟಿ ಗಂಟು ಕೈಗಿಟ್ಟಳು. ಅಜ್ಜಪ್ಪ ಬಾಗಿಲಿಗೆ ಅಡ್ಡ ಕೈ ಇಟ್ಟು ನಿಂತ.

"ಬಂದ ಮಂದಿಗೆ ನಾ ಏನ ಹೇಳ್ಲಿ?"

"ಖರೇನ ಹೇಳ್ರಿ. ಹುಡುಗಿ ಪರೀಕ್ಷಾಕ ಹೋಗ್ಯಾಳ ಅನ್ರಿ."

ದೂರದಲ್ಲಿ ರೋಣದ ಬಸ್ಸಿನ ಹಾರನ್ ಕೇಳಿಸಿತು. ಅಜ್ಜಪ್ಪ ಕೈ ತೆಗೆಯಲಿಲ್ಲ. ಬಾಳವ್ವ ತಲೆ ಬಗ್ಗಿಸಿ, ಆ ಕೈಯ ಕೆಳಗಿನಿಂದಲೇ ನುಸುಳಿ ಬೀದಿಗಿಳಿದಳು.