ಹೊಳೆಯಗಲದ ಜೋಕು

"ಮೆಲ್ಲಗೆ, ಮೆಲ್ಲಗೆ! ತಲೆ ಕಡೆ ಸ್ವಲ್ಪ ಎತ್ರೋ!" ಎಂದು ಮಿಲೋರಾದ್ ಕೂಗುತ್ತಿದ್ದ. ಗಂಡಸರು ಶವಪೆಟ್ಟಿಗೆಯನ್ನು ಹಲಗೆ ದಾಟಿಸಿ ದೋಣಿಗೆ ಇಳಿಸಿದರು. ದ್ರಿನಾ ಹೊಳೆಗೆ ಅಡ್ಡಲಾಗಿ ಬಿಗಿದ ಉಕ್ಕಿನ ಹಗ್ಗದ ಆಸರೆಯಲ್ಲಿ ಸಾಗುವ ಆ ಅಗಲ ದೋಣಿಯನ್ನು ತಿಹೊಮಿರ್ ಹರೆಯದಿಂದಲೂ ನಡೆಸಿದ್ದ. ಇವತ್ತು ಅದರಲ್ಲಿ ಅವನೇ ಮಲಗಿದ್ದ.

"ಸೇತುವೆ ಇದ್ದೂ ಇದೇನಮ್ಮಾ ನಿನ್ನ ಹಠ? ಕಾರಲ್ಲಾದ್ರೆ ಇಷ್ಟೊತ್ತಿಗೆ ಸ್ಮಶಾನ ಸೇರಿರ್ತಿದ್ವಿ," ಎಂದಳು ಮಗಳು ನೆವೆಂಕಾ.

ತಿಹೊಮಿರನ ಹೆಂಡತಿ ದೆಸಾಂಕಾ, ಗಂಡನ ಜೊತೆ ದುಡಿದಿದ್ದ ಮಿಲೋರಾದ್‌ನ ಹತ್ತಿರ ಹೋಗಿ, "ಇವಳ ಮದುವೇಲಿ ಅವರು ಒಂದು ಜೋಕು ಶುರು ಮಾಡಿದ್ರಲ್ಲ, ಅದರ ಕೊನೆ ಏನೋ?" ಎಂದು ಕೇಳಿದಳು.

"ಅದು ನೆಲದ ಮೇಲೆ ಹೇಳೋ ಜೋಕಲ್ಲ ಅತ್ತಿಗೆ. ಹತ್ತಿ, ಹೇಳ್ತೀನಿ."

*

ತಿಹೊಮಿರನ ಜೋಕು ಹೊಳೆಯಗಲ ಇರುತ್ತಿತ್ತು. ದೋಣಿ ದಡಕ್ಕೆ ತಾಗುವುದಕ್ಕೂ ಜೋಕು ಮುಗಿಯುವುದಕ್ಕೂ ಸರಿಹೋಗಬೇಕು. ಜನ ನಗುತ್ತಲೇ ಇಳಿಯಬೇಕು. ಬೇಸಗೆಯಲ್ಲಿ ಹೊಳೆ ಬಡವಾದಾಗ ಜೋಕೂ ಗಿಡ್ಡ. ನೀರು ಏರಿ ದೋಣಿ ತಡವಾದರೆ ಕತೆಯೊಳಗೆ ಒಂದು ನಾಯಿ ಬರುತ್ತಿತ್ತು. ಪ್ರವಾಹವಿದ್ದರೆ ನಾಯಿಯ ಹಿಂದೆ ಅತ್ತೆಯೂ ಬರುತ್ತಿದ್ದಳು.

ಸೇತುವೆ ಆಯಿತು, ದೋಣಿಯನ್ನು ದಡದಲ್ಲೇ ಕಟ್ಟಿಹಾಕಿದರು. ಪಾಪ, ಆಮೇಲೆ ಅವನ ಕತೆಗೆ ದಡವೇ ಸಿಗದಾಯಿತು. ಊಟಕ್ಕೆ ಕೂತು ಶುರು ಮಾಡಿದರೆ ಸಾರು ತಣ್ಣಗಾದರೂ ಮುಗಿಯುತ್ತಿರಲಿಲ್ಲ. ಮಗಳ ಮದುವೆಯಲ್ಲಿ ಬೀಗರು ಆಕಳಿಸಿದರು. ದೆಸಾಂಕಾಗೆ ನಾಚಿಕೆಯಾಯಿತು. "ಎಷ್ಟೂಂತ ಎಳೀತೀರಿ? ಸಾಕು, ನಿಲ್ಲಿಸಿ!" ಎಂದು ಎಲ್ಲರೆದುರೇ ಗದರಿದಳು. ಅವನು ಕೈಲಿದ್ದ ಲೋಟವನ್ನು ಕೆಳಗಿಟ್ಟ. ಮತ್ತೆಂದೂ ಮನೆಯಲ್ಲಿ ಜೋಕು ಹೇಳಲಿಲ್ಲ. ಆ ಜೋಕಿನ ಕೊನೆಯನ್ನು ನಾಳೆ ಕೇಳಿದರಾಯಿತು ಎಂದುಕೊಂಡೇ ಅವಳೂ ದಿನ ಕಳೆದಳು.

*

ದೋಣಿ ದಡ ಬಿಟ್ಟಿತು. ಚುಕ್ಕಾಣಿ ಹಿಡಿದು ಮಿಲೋರಾದ್ ಶುರು ಮಾಡಿದ.

"ಒಬ್ಬ ಅಂಬಿಗ ಸತ್ತನಂತೆ. ಸತ್ತು ಆ ಲೋಕದ ಹೊಳೆಗೆ ಬಂದ. ನೋಡ್ತಾನೆ, ಅಲ್ಲೂ ಒಂದು ದೋಣಿ, ಅದರಲ್ಲೊಬ್ಬ ಮುದಿ ಅಂಬಿಗ. 'ಹತ್ತಿ ಕೂತ್ಕೋ' ಅಂದ ಮುದುಕ. 'ಕೂತು ಹೋಗೋ ಜನ ಅಲ್ಲ ನಾನು, ಚುಕ್ಕಾಣಿ ಕೊಡು ಇಲ್ಲಿ' ಅಂದ ಇವನು..."

ಹಿಂದೆ ಯಾರೋ ಕಿಸಕ್ಕೆಂದರು. ನೆವೆಂಕಾ ಕೂಡ ಅಳುತ್ತಲೇ ನಕ್ಕಳು. ದೆಸಾಂಕಾ ಪೆಟ್ಟಿಗೆಯ ಮೇಲೆ ಕೈಯಿಟ್ಟುಕೊಂಡು ಕೇಳುತ್ತಿದ್ದಳು. ಎದುರು ದಡ ಹತ್ತಿರವಾಗುತ್ತಿತ್ತು. ಅಲ್ಲಿ ಪಾದ್ರಿ ನಿಂತಿದ್ದ, ಅವನ ಪಕ್ಕ ಗುದ್ದಲಿ ಹಿಡಿದವರು. ಜೋಕು ಮುಗಿದೊಡನೆ ಗಂಡನನ್ನು ಎತ್ತಿಕೊಂಡು ಹೋಗುತ್ತಾರೆ ಎಂಬುದು ಅವಳಿಗೆ ಆಗ ಹೊಳೆಯಿತು. ಸಂಕಟ ತಡೆಯಲಾಗಲಿಲ್ಲ.

"ಮುದುಕ ಇವನನ್ನ ಮೇಲಿಂದ ಕೆಳಗೆ ನೋಡಿ, 'ಚುಕ್ಕಾಣಿ ಬೇಕಾ ನಿಂಗೆ?' ಅಂತ..."

"ಮುಗಿಸಬೇಡ ಕಣೋ ಮಿಲೋರಾದ್," ಎಂದಳು ದೆಸಾಂಕಾ. "ಇನ್ನೊಂಚೂರು ಎಳಿಯೋ."

ಮಿಲೋರಾದ್ ಅವಳ ಮುಖ ನೋಡಿ ಚುಕ್ಕಾಣಿ ತಿರುಗಿಸಿದ. ದೋಣಿ ದಡ ಸೇರದೆ ಹಗ್ಗಕ್ಕೆ ಜೋತು ನೀರಿನ ಮೇಲೆಯೇ ನಿಂತುಬಿಟ್ಟಿತು. ಪಾದ್ರಿ ಹಣೆಗೆ ಕೈಯಿಟ್ಟು ಇತ್ತ ನೋಡಿದ.

"ಹ್ಞಾ," ಎಂದು ಗಂಟಲು ಸರಿಮಾಡಿಕೊಂಡ ಮಿಲೋರಾದ್. "ಹೇಳೋದೇ ಮರೆತೆ. ಆ ಅಂಬಿಗನ ಹಿಂದೆ ಒಂದು ನಾಯಿ ಬಂದಿತ್ತು."