ರಾಜನ ಒಂದು ನೆಗೆತ

ಪವಿತ್ರ ಚೆಸ್ ಮೇಜುಗಳ ಸಾಲಿನ ಆ ತುದಿಯಿಂದ ಒಬ್ಬೊಬ್ಬರ ಕೈ ಕುಲುಕುತ್ತಾ ಬರುತ್ತಿದ್ದಳು. ಸುಕನ್ಯ ತನ್ನ ಎರಡೂ ಕೈಗಳನ್ನು ಮೇಜಿನ ಕೆಳಗೆ ಸೆರಗಿನಲ್ಲಿ ಸುತ್ತಿಕೊಂಡು ಕೂತಿದ್ದಳು. ಬೆಳಿಗ್ಗೆ ಹಾರನಹಳ್ಳಿಯಲ್ಲಿ ಹೊಗೆಸೊಪ್ಪು ಪೋಣಿಸಿ, ಬಸ್ಸಿಗೆ ಹೊತ್ತಾಯಿತೆಂದು ಹುಣಸೆಹಣ್ಣು ಹಚ್ಚಿ ಗಸಗಸ ಉಜ್ಜಿದ್ದರೂ ಬೆರಳ ಸಂದಿಯ ಅಂಟು ಹೋಗಿರಲಿಲ್ಲ. ಹಸಿ ಸೊಪ್ಪಿನ ಅಂಟೇ ಹಾಗೆ. ನೀರಿಗೆ ಕರಗುವುದಿಲ್ಲ, ಗಾಳಿಗೆ ಕಪ್ಪಾಗುತ್ತದೆ, ಮುಟ್ಟಿದ್ದಕ್ಕೆಲ್ಲ ಹತ್ತಿಕೊಳ್ಳುತ್ತದೆ.

"ಅಕ್ಕಾ! ನೀನೂ ಆಡ್ತೀಯಾ?" ಪವಿತ್ರಳ ಮುಖ ಅರಳಿತು. ಕೈ ಚಾಚಿದಳು.

ಸುಕನ್ಯ ಕೈ ಮುಗಿದಳು, ಹೊರಗಿನವರಿಗೆ ಮುಗಿಯುವ ಹಾಗೆ. ಚಾಚಿದ ಕೈ ಒಂದು ಗಳಿಗೆ ಗಾಳಿಯಲ್ಲೇ ನಿಂತು, ಪಕ್ಕದ ಮೇಜಿಗೆ ಹೋಯಿತು.

ಆಡಬೇಕೆಂದು ಅವಳು ಬಂದವಳಲ್ಲ. ತಂಗಿ ಗ್ರಾಂಡ್‌ಮಾಸ್ಟರ್ ಆದಳೆಂದು ಪಿರಿಯಾಪಟ್ಟಣದ ಸಮುದಾಯ ಭವನದಲ್ಲಿ ಸನ್ಮಾನ. ಒಡಹುಟ್ಟಿದವಳು ಹೋಗದಿದ್ದರೆ ಊರು ಸುಮ್ಮನಿರುತ್ತದೆಯೇ? ಸನ್ಮಾನಕ್ಕೆ ಮೊದಲು ಪವಿತ್ರ ಊರಿನ ಹಲವರ ಜೊತೆ ಒಂದೇ ಸಲಕ್ಕೆ ಚೆಸ್ ಆಡುವಳೆಂದು ಮೇಜು ಸಾಲಾಗಿ ಹಾಕಿದ್ದರು. ಒಂದು ಮಣೆಗೆ ಆಡುವವರು ಬಂದಿರಲಿಲ್ಲ. ಜೊತೆಗೆ ಬಂದಿದ್ದ ನೆರೆಮನೆಯ ಪುಟ್ಟಮಾದಮ್ಮ ಹೆಗಲು ಹಿಡಿದು ನೂಕಿದ್ದಳು.

"ಕೂತ್ಕಳಮ್ಮಿ, ಏನ್ ನಾಚ್ಕೆ? ನಿನ್ ತಂಗಿ ಟೀವೀಲಿ ಬತ್ತಾಳೆ, ನೀನು ಸೊಪ್ಪು ಬೇಯ್ಸೋ ಬ್ಯಾರನ್ ಬಾಗ್ಲಲ್ಲಿ ಬತ್ತೀಯ. ಒಂದೇ ಒಟ್ಟೇಲಿ ಉಟ್ಟುದೋರಾ ನೀವು ಅಂತ ಜನಾನೂ ವಸಿ ನೋಡ್ಲಿ."

ತಮಾಷೆಯ ಮಾತು. ಆದರೆ ಮುಳ್ಳು ಚುಚ್ಚುವುದಕ್ಕೆ ಮುಳ್ಳಿಗೆ ಸಿಟ್ಟು ಬರಬೇಕೆಂದಿಲ್ಲ.

ವೇದಿಕೆಯಲ್ಲಿ ಚಿಕ್ಕಬಸಪ್ಪ ಮೈಕು ಹಿಡಿದಿದ್ದ. ಸನ್ಮಾನ ಸಮಿತಿಯ ಮುಖ್ಯಸ್ಥ ಅವನೇ. "ನಮ್ ತಾಲ್ಲೂಕಿನ ಎಣ್ಣುಮಗಳು! ಸ್ಪೇನ್ ದೇಶದಲ್ಲಿ ಗೆದ್ರು, ಹಂಗೇರೀಲಿ ಗೆದ್ರು. ದೊಡ್ಡ ದೊಡ್ಡ ದೊರೆಮಕ್ಳು ಇವರ ಮುಂದೆ ತಲೆ ಕೆರ್ಕತಾ ಕೂತವ್ರೆ. ಇಂಥಾ ರತ್ನಕ್ಕೆ ಆಟ ಕಲಿಸಿದ ಮೊದಲ ಗುರುಗಳು, ಮೈಸೂರಿನ ಮೇಷ್ಟ್ರು, ಮುಂದಿನ ಸಾಲಲ್ಲೇ ಅವ್ರೆ. ಜೋರಾಗಿ ಚಪ್ಪಾಳೆ!"

ಮೊದಲ ಗುರು. ಸುಕನ್ಯಳ ಹೊಟ್ಟೆಯೊಳಗೆ ಕೆಂಡದ ಮೇಲೆ ಯಾರೋ ಊದಿದಂತಾಯಿತು. ಬೆಳಿಗ್ಗೆ ಮಸಣಿಕಮ್ಮನ ಗುಡಿಯಲ್ಲೂ ಹೀಗೇ ಆಗಿತ್ತು. ತಾಯೀ, ನನ್ನ ತಂಗಿಗೆ ಒಳ್ಳೇದು ಮಾಡು ಎಂದು ಬೇಡಲು ಹೋದರೆ ನಾಲಿಗೆ ಅಂಗುಳಕ್ಕೆ ಅಂಟಿಕೊಂಡಿತ್ತು. ಕುಂಕುಮವನ್ನಷ್ಟೇ ಇಟ್ಟುಕೊಂಡು ಬಂದಿದ್ದಳು. ಅಮ್ಮನವರ ಮುಂದೆ ಸುಳ್ಳು ಹೇಳಲಿಲ್ಲವಲ್ಲ ಎಂಬುದೊಂದೇ ಸಮಾಧಾನ.

ತಂಗಿಗೆ ಆಟ ಕಲಿಸಿದವಳು ಸುಕನ್ಯ. ಅವಳಿಗೆ ಕಲಿಸಿದ್ದು ಅಪ್ಪ ಜವರಯ್ಯ. ಅಪ್ಪನದು ಅರಳಿಕಟ್ಟೆಯ ಹಳೇ ಆಟ. ಅದರಲ್ಲಿ ರಾಜನಿಗೆ ಆಟಕ್ಕೊಂದು ಸಲ ಕುದುರೆಯ ಹಾಗೆ ನೆಗೆಯುವ ಹಕ್ಕು. "ಆದ್ರೆ ಒಂದ್ಸಲ ಚೆಕ್ ತಿಂದ ರಾಜ ನೆಗೆಯಂಗಿಲ್ಲ ಕಣವ್ವ," ಎನ್ನುತ್ತಿದ್ದ ಅಪ್ಪ. "ದೇವ್ರು ಕೊಟ್ಟ ವರಾನ ಮಾನ ಓಗಕೆ ಮುಂಚೇನೇ ಬಳಸ್ಕಬೇಕು." ಮುಂದೆ ಶಾಲೆಯ ಆಟ ಬಂತು, ಅದರಲ್ಲಿ ನೆಗೆತವಿರಲಿಲ್ಲ. ಮನೆಯ ಜಗಲಿಯಲ್ಲಿ ಮಾತ್ರ ಇಬ್ಬರೂ ಅಪ್ಪನ ಆಟವನ್ನೇ ಆಡುತ್ತಿದ್ದರು. ಚೆಕ್ ತಿಂದದ್ದು ಮರೆತು ಪುಟ್ಟ ಪವಿತ್ರ ರಾಜನನ್ನು ನೆಗೆಸಿದಾಗಲೆಲ್ಲ ಸುಕನ್ಯ ಅವಳ ಕೈಯಿಂದ ಕಾಯಿ ಕಿತ್ತು ಹಿಂದಕ್ಕಿಡುತ್ತಿದ್ದಳು. ಅವಳು ಅತ್ತು ಕರೆದು ನೆಲದಲ್ಲಿ ಹೊರಳಾಡಿದರೂ ಬಿಡುತ್ತಿರಲಿಲ್ಲ.

ಮೈಸೂರಿನ ಮೇಷ್ಟ್ರು ಶಾಲೆಗೆ ಬಂದು ಚೆಸ್ ತರಬೇತಿಗೆ ಆರಿಸಿದ್ದು ಸುಕನ್ಯಳನ್ನು. ಅದು ಸೊಪ್ಪು ಮುರಿಯುವ ಕಾಲ. ಅವ್ವ ಹಾಸಿಗೆ ಹಿಡಿದಿದ್ದಳು. "ದೊಡ್ಡೋಳು ಸೊಪ್ಪಿಗಿರ್ಲಿ, ಸೊಪ್ಪು ಕಾಯಕಿಲ್ಲ," ಎಂದ ಅಪ್ಪ, "ಚಿಕ್ಕೋಳ್ನ ಕರ್ಕಂಡೋಗಿ ಸಾ." ಅಷ್ಟೇ. ಅಪ್ಪನಿಗೆ ಅದು ಒಂದು ವಾರದ ಸೊಪ್ಪಿನ ಮಾತು; ಸುಕನ್ಯಳಿಗೆ ಅದೇ ಬದುಕಾಯಿತು.

ಒಂದೇ ಒಂದು ಆಟ, ಎಂದುಕೊಂಡಳು ಸುಕನ್ಯ. ಈ ಜನರೆದುರಿಗೆ, ಆ ಮೇಷ್ಟ್ರ ಎದುರಿಗೆ. ಗೆಲ್ಲದಿದ್ದರೂ ಸೋಲಬಾರದು.

ಪವಿತ್ರ ಬಿಳಿ ಕಾಯಿಗಳಲ್ಲಿ ಆಡುತ್ತಾ ಮೇಜಿಂದ ಮೇಜಿಗೆ ನಡೆಯುತ್ತಿದ್ದಳು. ಬರುವಳು, ಒಂದು ಗಳಿಗೆ ನೋಡುವಳು, ಕಾಯಿ ಸರಿಸುವಳು, ಹೋಗುವಳು. ಶುರುವಿನಲ್ಲೇ ಅವಳ ಒಂಟೆ ದೂರದಿಂದ ಚೆಕ್ ಕೊಟ್ಟಿತು; ಸುಕನ್ಯ ಕುದುರೆಯನ್ನು ಅಡ್ಡವಿಟ್ಟು ತಪ್ಪಿಸಿಕೊಂಡಳು. ಆಮೇಲೆ ಆಟ ಚೆನ್ನಾಗಿಯೇ ನಡೆಯಿತು. ಅಕ್ಕಪಕ್ಕದ ಹಲವರು ಸೋತು ಎದ್ದು ಕಾಫಿಗೆ ಹೋದರು. ಪುಟ್ಟಮಾದಮ್ಮನಿಗೆ ಆಟ ಗೊತ್ತಿಲ್ಲ, ಆದರೂ ಹಿಂದೆ ನಿಂತು, "ಕೂತವ್ಳೆ ನೋಡ್ರಲೇ, ನಮ್ ಅಳ್ಳಿಯೋಳು!" ಎಂದು ಎಲ್ಲರನ್ನೂ ಕರೆದಳು.

ಆದರೆ ತಂಗಿಯ ಎರಡು ಆನೆಗಳು ಮೆಲ್ಲಗೆ ಸಾಲು ಹಿಡಿದು ಬಂದಿದ್ದವು. ಸುಕನ್ಯಳಿಗೆ ಕಂಡಿತು: ಮೂಲೆಯ ರಾಜನಿಗೆ ದಾರಿಯಿಲ್ಲ. ಏನು ಆಡಿದರೂ ಮುಂದಿನ ಸುತ್ತಿಗೆ ಆಟ ಮುಗಿಯುತ್ತದೆ. ಪವಿತ್ರ ಎದುರಿಗೆ ಬಂದು ನಿಂತಳು. ಮುಂದಿನ ಸಾಲಿನ ಮೇಷ್ಟ್ರು ಕತ್ತು ಚಾಚಿ ನೋಡಿದರು.

ಸುಕನ್ಯಳ ಕೈ ಮತ್ತೆ ಸೆರಗಿನಿಂದ ಹೊರಬಂತು. ಅವಳು ರಾಜನನ್ನು ಎತ್ತಿ, ಕುದುರೆಯ ಹಾಗೆ ನೆಗೆಸಿ ಹೊರಗಿಟ್ಟಳು.

"ಮೇಡಂ, ಏನಿದು? ರಾಜ ಹಂಗೆಲ್ಲ ಹೋಗಲ್ಲ," ಪಕ್ಕದಲ್ಲಿದ್ದ ತೀರ್ಪುಗಾರ ನಕ್ಕುಬಿಟ್ಟ. ಹಿಂದೆ ನಿಂತವರೂ ನಕ್ಕರು.

"ಇರಲಿ ಬಿಡಿ ಸರ್," ಎಂದಳು ಪವಿತ್ರ. "ನಮ್ಮ ಮನೆಯ ಆಟದಲ್ಲಿ ಇದು ನಡೆಯುತ್ತೆ. ನಮ್ಮ ತಂದೆ ಹೇಳಿಕೊಟ್ಟಿದ್ದು."

ಚಪ್ಪಾಳೆ ಬಿತ್ತು. "ನೋಡ್ರಪ್ಪಾ, ದೊಡ್ಡೋರ ದೊಡ್ಡ ಗುಣ!" ಎಂದು ಮೈಕು ಕೂಗಿತು. ಫೋಟೋ ತೆಗೆದರು, ಪವಿತ್ರಳದು.

ಪವಿತ್ರಳ ಕಣ್ಣು ಮಾತ್ರ ಮಣೆಯ ಮೇಲೆ, ಶುರುವಿನಲ್ಲಿ ಚೆಕ್ ಕೊಟ್ಟಿದ್ದ ಒಂಟೆಯ ಮೇಲೆ ಹೋಯಿತು. ಅಲ್ಲಿಂದ ಅಡ್ಡವಿದ್ದ ಕುದುರೆಗೆ, ಅಲ್ಲಿಂದ ಅಕ್ಕನ ಮುಖಕ್ಕೆ. ಒಂದು ಆನೆಯನ್ನು ಹಿಂದಕ್ಕೆ ಎಳೆದುಕೊಂಡು ಮುಂದಿನ ಮೇಜಿಗೆ ಹೋದಳು.

ಆನೆ ಹಿಂದೆ ಸರಿದದ್ದರಿಂದ ದಾರಿ ಬಿಚ್ಚಿಕೊಂಡಿತ್ತು. ಇನ್ನು ಸೋಲಿಲ್ಲ. ಬೇಕೆಂದೇ ಬಿಚ್ಚಿಟ್ಟ ದಾರಿ.

"ಉಳ್ಕಂಡೆ ಕಣಮ್ಮಿ! ಬುಡಬ್ಯಾಡ ಅವಳ್ನ," ಎಂದಳು ಪುಟ್ಟಮಾದಮ್ಮ.

ಇಡೀ ಭವನದಲ್ಲಿ ಆ ನೆಗೆತ ಮೋಸವೆಂದು ಗೊತ್ತಿದ್ದದ್ದು ಇಬ್ಬರಿಗೇ. ಅಪ್ಪ ಇದ್ದಿದ್ದರೆ ಮೂವರಿಗೆ. ಸುಕನ್ಯ ರಾಜನನ್ನೇ ನೋಡುತ್ತಾ ಕೂತಳು. ಇದನ್ನೂ ಅವಳೇ ಕೊಡಬೇಕೇ? ಸೊಪ್ಪಿನ ಮನೆಯಿಂದ ಹೋದವಳು ದೇಶ ದೇಶ ಸುತ್ತಿ ಬಂದು, ಅಕ್ಕನಿಗೆ ಒಂದು ಮೋಸವನ್ನೂ ದಾನ ಮಾಡಿ ಹೋದಳೇ?

ಪವಿತ್ರ ಮತ್ತೆ ಬಂದಾಗ, ಅವಳು ಹಿಂದಕ್ಕೆಳೆದಿದ್ದ ಆನೆ ತನ್ನ ಹಳೆಯ ಮನೆಯಲ್ಲಿತ್ತು. ರಾಜ ಮೂಲೆಯಲ್ಲಿದ್ದ. ನೆಗೆತದ ಬದಲಿಗೆ ಒಂದು ಪದಾತಿ ಒಂದು ಮನೆ ಮುಂದೆ ಹೋಗಿತ್ತು.

"ಯಾಕಕ್ಕ?"

"ಚೆಕ್ ತಿಂದಿದ್ದ. ಮರ್ತ್‌ಬುಟ್ಟಾ?"

"ಮರ್ತಿರ್ಲಿಲ್ಲ."

"ಗೊತ್ತು. ಆಡು ಮತ್ತೆ."

ಪವಿತ್ರ ಆನೆಯನ್ನು ಕೊನೆಯ ಸಾಲಿಗೆ ಇಳಿಸಿದಳು. ಚೆಕ್‌ಮೇಟ್. ಹಿಂದಿದ್ದವರು "ಅಯ್ಯೋ" ಎಂದರು.

ಆಟ ಮುಗಿದ ಮೇಲೆ ಕೈ ಕೊಡುವುದು ಪದ್ಧತಿ. ಈ ಸಲ ಮೊದಲು ಚಾಚಿದ್ದು ಸುಕನ್ಯ. "ಅಂಟೈತೆ," ಎಂದಳು. ಪವಿತ್ರ ಹಿಡಿದುಕೊಂಡಳು, ಬೇಗ ಬಿಡಲಿಲ್ಲ. ತಂಗಿಯ ಕೈ ಎಷ್ಟು ಮೆತ್ತಗಿತ್ತು! ಸುಕನ್ಯಳ ಒಳಗಿನ ಕೆಂಡ ಮತ್ತೊಮ್ಮೆ ಕೆಂಪಾಯಿತು.

ವೇದಿಕೆಯ ಮೇಲೆ ಪವಿತ್ರಳಿಗೆ ಬಿಳಿಯ ಶಾಲು ಹೊದಿಸಿದರು. ಅವಳು ಅದರ ಅಂಚು ಹಿಡಿದ ಕಡೆ ಕಪ್ಪಗೆ ಬೆರಳಿನ ಗುರುತು ಬಿತ್ತು. ಚಿಕ್ಕಬಸಪ್ಪ ಗಾಬರಿಯಿಂದ ಕರ್ಚೀಫು ತೆಗೆದು ನೀರಿನ ಬಾಟಲಿಗೆ ಕೈ ಹಾಕಿದ.

"ನೀರ್ಗೋಗಲ್ಲ ಬುಡಿ ಮಾವ," ಎಂದಳು ಪವಿತ್ರ. ಮೈಕು ಹತ್ತಿರವೇ ಇತ್ತು. "ಉಣ್ಸೆ ಅಣ್ಣು ಬೇಕು."

ಊರಿನ ಮಾತು ಕೇಳಿ ಭವನವೆಲ್ಲ ಗೊಳ್ಳೆಂದಿತು. ಸುಕನ್ಯ ತಲೆಯೆತ್ತಲಿಲ್ಲ. ಖಾಲಿಯಾದ ಸಾಲಿನಲ್ಲಿ ಒಬ್ಬಳೇ ಕೂತು ಕಾಯಿಗಳನ್ನು ಮೊದಲಿನ ಮನೆಗಳಿಗೆ ಜೋಡಿಸುತ್ತಿದ್ದಳು. ಆನೆ, ಕುದುರೆ, ಒಂಟೆ, ಮಂತ್ರಿ. ಕೊನೆಯಲ್ಲಿ ರಾಜನನ್ನು ಇಟ್ಟು ಕೈ ತೆಗೆದಳು. ಅವನು ಬೆರಳಿಗೆ ಅಂಟಿಕೊಂಡೇ ಬಂದ. ಇನ್ನೊಂದು ಕೈಯಿಂದ ಹಿಡಿದು ಮೆಲ್ಲಗೆ ಬಿಡಿಸಿ, ಅವನ ಮನೆಯಲ್ಲಿ ನಿಲ್ಲಿಸಿದಳು.