ಹೊಲಿದ ಮಾತು

"ನಿಮ್ಮ ಮಗಳ ಆ ಸಂಚಿಕೆ ಬಂದ ಸಂಜೆ ಊರಲ್ಲಿ ಒಂದು ಕಳ್ಳತನ ಆಗ್ಲಿಲ್ಲಮ್ಮ. ಕಳ್ಳರು ನುಗ್ಗಿದ್ದೇನೋ ನಿಜ. ನುಗ್ಗಿದ ಮನೆಯಲ್ಲೇ ಕೂತು ನನ್ನ ಕಾರ್ಯಕ್ರಮ ನೋಡಿದ್ರು. ಮನೆಯವರು ಅವರಿಗೂ ಟೀ ಕೊಟ್ರು. ಒಬ್ಬನಿಗಂತೂ ಅತ್ತೂ ಅತ್ತೂ ಜ್ವರ ಬಂದು ಅಲ್ಲೇ ಉಳ್ಕೊಂಡ."

ನಿರ್ಮಾಪಕನ ಈ ಮಾತನ್ನು ಅವನ ಸಂಬಳ ತಿನ್ನುವ ಡ್ರೈವರ್ ಕೂಡ ನಂಬುತ್ತಿರಲಿಲ್ಲ. ನಾಲಿಗೆಗೆ ಎಲುಬಿಲ್ಲ ಅನ್ನುತ್ತಾರೆ; ಅವನದಕ್ಕೆ ರೆಕ್ಕೆಯೂ ಇತ್ತು. ಆದರೆ ಜನರನ್ನು ಒಂದೇ ಮನೆಯಲ್ಲಿ ಕೂಡಿಹಾಕಿ ಅವರ ಜಗಳ, ಗೊರಕೆ, ಗೋಳು ಎಲ್ಲವನ್ನೂ ಟಿವಿಯಲ್ಲಿ ತೋರಿಸಿದವರಲ್ಲಿ ಮೊದಲಿಗ ಅವನೇ, ಅದು ಸುಳ್ಳಲ್ಲ. ಅವನಿಗಿಂತ ಮುಂಚೆಯೂ ಜನ ಅಳುತ್ತಿದ್ದರಂತೆ, ಬೆಳಕು ಮಾತ್ರ ಸರಿಯಿರುತ್ತಿರಲಿಲ್ಲವಂತೆ.

ಈಗ ಕಾರ್ಯಕ್ರಮಕ್ಕೆ ಬೆಳ್ಳಿಹಬ್ಬ. ಮೊದಲ ವರ್ಷ ಹೆಸರು ಮಾಡಿದ ಹುಡುಗಿ ಎಂದೋ ಸತ್ತಿದ್ದಳು. ಅವಳ ತಾಯಿಯನ್ನಾದರೂ ವೇದಿಕೆಗೆ ಕರೆಯೋಣವೆಂದು ಲಿಫ್ಟಿಲ್ಲದ ಕಟ್ಟಡ ಹತ್ತಿ, ಕೊನೆಯ ಮಹಡಿಯ ಈ ಕಿರಿದಾದ ಕೋಣೆಯಲ್ಲಿ ಏದುಸಿರು ಬಿಡುತ್ತ ಕೂತಿದ್ದ.

ಮುದುಕಿ ರಿಮೋಟು ಒತ್ತಿದಳು. ಪರದೆಯಲ್ಲಿ ಮಗಳು ಬಂದು, "ನನಗೆ ಅಮ್ಮ ಬೇಡ" ಎಂದಳು.

"ಈ ತುಣುಕನ್ನ ನಿಮ್ಮ ಆಫೀಸಿನವರೇ ಕಳಿಸಿದ್ರು, ನೆನಪಿಗೆ ಇರಲಿ ಅಂತ. ಅವತ್ತು ಒಂದು ಸಲ ನೋಡಿದ್ದು, ಆಮೇಲೆ ನೋಡಿರ್ಲಿಲ್ಲ," ಎಂದಳು ತಾಯಿ. "ನಿಮ್ಮಲ್ಲಿಂದ ಅವಳು ವಾಪಸ್ ಬಂದಾಗ ನಾನು ಬಾಗಿಲು ತೆಗೀಲಿಲ್ಲಪ್ಪ. ಚಿಲಕ ಹಿಡ್ಕೊಂಡು ಒಳಗೇ ನಿಂತಿದ್ದೆ. ಮೆಟ್ಟಿಲ ಮೇಲೆ ತುಂಬ ಹೊತ್ತು ಕೂತಿದ್ದು ಹೋದ್ಲು. ಮತ್ತೆ ಅವಳ ಮುಖ ನೋಡಿದ್ದು ಆಸ್ಪತ್ರೆಯವರು ಬಟ್ಟೆ ಸರಿಸಿದಾಗ."

"ಅಯ್ಯೋ," ಎಂದ ನಿರ್ಮಾಪಕ. ಅವನ ಕಣ್ಣಲ್ಲಿ ನಿಜಕ್ಕೂ ನೀರಾಡಿತು. "ಇದನ್ನೇ ವೇದಿಕೆ ಮೇಲೆ ಹೇಳಿಬಿಡಿ. ಹೀಗೇ, ಬಾಗಿಲ ಕಡೆ ನೋಡ್ತಾ."

"ಮೊದಲು ನೀನು ಸರಿಯಾಗಿ ಕೇಳು." ಆಕೆ ಮತ್ತೆ ಹಾಕಿದಳು. "ಅಮ್ಮ ಅನ್ನೋವಾಗ ಗಂಟಲು ಸರಿಯಿದೆ. ಬೇಡ ಅನ್ನೋವಾಗ ಮೂಗು ಕಟ್ಟಿದೆ. ಒಂದೇ ಉಸಿರಲ್ಲಿ ನೆಗಡಿ ಬರುತ್ತೇನಪ್ಪ?"

ಇಷ್ಟು ವರ್ಷ ಒಬ್ಬರೂ ಹಿಡಿದಿರಲಿಲ್ಲ. ಹೊಸ ಹುಡುಗರಿಗೆ ಕೆಲಸ ಕಲಿಸುವಾಗ ಅವನು ಹೆಮ್ಮೆಯಿಂದ ತೋರಿಸುತ್ತಿದ್ದದ್ದು ಇದೇ ಜೋಡಣೆಯನ್ನು. ಈಗ ನೀರು ಕೇಳಿದ. ಆಕೆ ಕೊಡಲಿಲ್ಲ.

"ಬೇಡ ಅಂದದ್ದು ಔಷಧಿಗೆ," ಎಂದ. "ನೆಗಡಿ ಆಗಿತ್ತು, ಕೊಡೋಕೆ ಹೋದ್ವಿ."

"ಮತ್ತೆ ಅಮ್ಮ ಅಂದದ್ದು?"

"ಅದು ಬೇರೆ ದಿನದ್ದು."

"ಆ ದಿನ ಏನಂದ್ಲು? ಪೂರ್ತಿ ಹೇಳು."

ಅವನ ನಾಲಿಗೆ ಹಳೆಯ ಚಾಳಿಗೆ ಬಿತ್ತು. "'ತಾಯಿ, ನಿನ್ನ ಮಡಿಲೇ ನನಗೆ ಸ್ವರ್ಗ, ಏಳೇಳು ಜನ್ಮಕ್ಕೂ ನಿನ್ನ ಹೊಟ್ಟೆಯಲ್ಲೇ ಹುಟ್ತೀನಿ' ಅಂದ್ಲಮ್ಮ. ಕ್ಯಾಮೆರಾದವನು ಬಿಕ್ಕಿ ಬಿಕ್ಕಿ ಅತ್ತ. ಕ್ಯಾಮೆರಾನೇ ಒದ್ದೆಯಾಗಿ ಕೆಟ್ಟುಹೋಯ್ತು."

"ಕೋಪ ಬಂದ್ರೆ ನನ್ನ 'ಲೇ ಮುದುಕಿ' ಅಂತಿದ್ಲು. ಪ್ರೀತಿ ಬಂದ್ರೂ ಅದೇ," ಎಂದಳು ತಾಯಿ. "ಮಡಿಲು ಗಿಡಿಲು ನಿನ್ನ ಅಂಗಡಿ ಮಾಲು. ನನ್ನ ಮಗಳದ್ದು ಕೊಡು."

ಕಾಗೆಯನ್ನಲ್ಲ, ಆನೆಯನ್ನೇ ಹಾರಿಸಿ ಅಭ್ಯಾಸವಿದ್ದವನು ತನ್ನ ಮಂಡಿಯನ್ನೇ ನೋಡುತ್ತ ಕೂತ.

"ಗೊತ್ತಿಲ್ಲಮ್ಮ. ಸಂಕಲನ ಮಾಡೋವನ ಬೆನ್ನ ಹಿಂದೆ ನಿಂತು, ಎಲ್ಲಾದ್ರೂ ಒಂದು 'ಅಮ್ಮ' ಹುಡುಕು ಅಂದೆ. ಹುಡುಕಿ ಕತ್ತರಿಸಿ ಕೊಟ್ಟ. ಹಿಂದೆ ಮುಂದೆ ಏನಿತ್ತೋ ನಾನು ಕೇಳಿಸ್ಕೊಳ್ಳಲೇ ಇಲ್ಲ."

"ಆ ಟೇಪು?"

"ಅದರ ಮೇಲೇ ಮುಂದಿನ ವರ್ಷದ್ದು ತುಂಬಿಬಿಟ್ವಿ."

ನಿಲ್ಲಿಸಿದ ಪರದೆಯಲ್ಲಿ ಮಗಳು ಬಾಯಿ ಅರ್ಧ ತೆರೆದು ನಿಂತಿದ್ದಳು. ತಾಯಿ ಎದ್ದು ಹತ್ತಿರ ಹೋದಳು. ಗಾಜಿನ ಮೇಲಿನ ಧೂಳನ್ನು ಅಂಗೈಯಿಂದ ಒರೆಸತೊಡಗಿದಳು, ಮೊದಲು ಹಣೆ, ಆಮೇಲೆ ಕೆನ್ನೆ.